ಅಳಿಲಿನ ಹೋಮ್ ರೇಂಜ್ ಮತ್ತು ಟೆರಿಟರಿ: ಓಡಾಡುವ ಜಾಗ ಬೇರೆ, ಕಾಯುವ ಜಾಗ ಬೇರೆ

ಕುಕ್ಕರಹಳ್ಳಿ ಕೆರೆಯ ಏರಿಯ ಮೇಲೆ ಒಂದು ಅಳಿಲು ಇನ್ನೊಂದನ್ನು ಅಟ್ಟಿಸಿಕೊಂಡು ಹೋದರೆ, ‘ಇದರ ಟೆರಿಟರಿಗೆ ಅದು ನುಗ್ಗಿರಬೇಕು’ ಎಂದು ನೋಡಿದವರು ತೀರ್ಮಾನಿಸಿಬಿಡುತ್ತಾರೆ. ಆ ತೀರ್ಮಾನಕ್ಕೆ ಒಂದು ಓಟದ ಸಾಕ್ಷಿ ಸಾಲದು. ಹೆಣ್ಣಿನ ಹಿಂದೆ ಗಂಡುಗಳು ಬಿದ್ದಾಗಲೂ ಓಟ ಹೀಗೇ ಕಾಣುತ್ತದೆ. ಹಣ್ಣಿನ ಕೊಂಬೆಗಾಗಿ ನಡೆಯುವ ಜಗಳವೂ ಹೀಗೇ ಇರುತ್ತದೆ.

ಹೋಮ್ ರೇಂಜ್ ಅಂದರೆ ಓಡಾಟದ ವ್ಯಾಪ್ತಿ. ಮೇವು, ಜೋಡಿ, ಮರಿಗಳ ಪಾಲನೆ, ಈ ದಿನನಿತ್ಯದ ಕೆಲಸಗಳಿಗೆ ಒಂದು ಪ್ರಾಣಿ ಬಳಸುವ ಒಟ್ಟು ಜಾಗ. ಟೆರಿಟರಿ ಅಂದರೆ ಸರಹದ್ದು. ತನ್ನ ಜಾತಿಯ ಇನ್ನೊಂದು ಪ್ರಾಣಿ ಬಂದರೆ ಕೂಗಿ, ಅಟ್ಟಿ, ಕಚ್ಚಿ ಹೊರಹಾಕುವ ಭಾಗ ಇದು. ಸಸ್ತನಿಗಳ ವಿಷಯದಲ್ಲಿ ಈ ಎರಡನ್ನೂ ಸ್ಪಷ್ಟವಾಗಿ ಬಿಡಿಸಿಟ್ಟವರು ಅಮೆರಿಕದ ಪ್ರಾಣಿವಿಜ್ಞಾನಿ ವಿಲಿಯಂ ಬರ್ಟ್, 1943ರಲ್ಲಿ. ಅಪರೂಪಕ್ಕೊಮ್ಮೆ ದೂರ ಹೋಗಿ ಬಂದ ಜಾಗವನ್ನು ಹೋಮ್ ರೇಂಜಿಗೆ ಸೇರಿಸಬಾರದು ಎಂದೂ ಅವರು ಹೇಳಿದ್ದರು. ಮಂಡ್ಯದ ರೈತ ಗದ್ದೆ, ಆಲೆಮನೆ, ಸಂತೆ ಎಲ್ಲ ಕಡೆ ಓಡಾಡಿದರೂ ಬೇಲಿ ಕಟ್ಟುವುದು ಗದ್ದೆಗೆ ಮಾತ್ರ. ಹಾಗೆಯೇ ಹೋಮ್ ರೇಂಜ್ ಎಲ್ಲ ಅಳಿಲಿಗೂ ಇರುತ್ತದೆ, ಟೆರಿಟರಿ ಎಲ್ಲಕ್ಕೂ ಇರಬೇಕೆಂದಿಲ್ಲ.

ಯಾವುದಕ್ಕೆ ಇರುತ್ತದೆ? ಕಾಯುವ ಶ್ರಮಕ್ಕೆ ತಕ್ಕ ಫಲ ಸಿಗುವುದಕ್ಕೆ. ಉತ್ತರ ಅಮೆರಿಕದ ಕೆಂಪು ಅಳಿಲು ಪೈನ್ ಜಾತಿಯ ಮರಗಳ ಕಾಯಿಗಳನ್ನು ಕಿತ್ತು, ಚಳಿಗಾಲಕ್ಕೆಂದು ಒಂದೇ ಕಡೆ ರಾಶಿ ಹಾಕುತ್ತದೆ. ರಾಶಿ ಕಳುವಾದರೆ ಅದು ಉಳಿಯುವುದಿಲ್ಲ. ಹಾಗಾಗಿ ಗಂಡೂ ಹೆಣ್ಣೂ ತಮ್ಮ ತಮ್ಮ ಜಾಗವನ್ನು ವರ್ಷವಿಡೀ ಒಬ್ಬೊಬ್ಬರೇ ಕಾಯುತ್ತವೆ. ಮೊದಲ ಚಳಿಗಾಲದೊಳಗೆ ಜಾಗ ಹಿಡಿಯದ ಮರಿ ಬದುಕುವುದು ಕಷ್ಟ. ಕೆಲವು ತಾಯಂದಿರು ತಮ್ಮ ಜಾಗವನ್ನೇ ಮರಿಗೆ ಬಿಟ್ಟು ಬೇರೆಡೆ ಹೋಗುವುದೂ ದಾಖಲಾಗಿದೆ. ಅದೇ ಖಂಡದ ಬೂದು ಅಳಿಲು ಕಾಯಿಗಳನ್ನು ಒಂದೊಂದಾಗಿ ನೂರಾರು ಕಡೆ ಹೂಳುತ್ತದೆ. ಚದುರಿದ ದಾಸ್ತಾನಿಗೆ ಕಾವಲು ಹಾಕುವುದು ಹೇಗೆ? ಅವುಗಳ ವ್ಯಾಪ್ತಿಗಳು ಒಂದರ ಮೇಲೊಂದು ಹಾಯುತ್ತವೆ. ಮರಿ ಹಾಕಿದ ಹೆಣ್ಣು ಮಾತ್ರ ಗೂಡಿನ ಸುತ್ತ ಯಾರನ್ನೂ ಸೇರಿಸುವುದಿಲ್ಲ.

ನಮ್ಮ ಕಡೆಗೆ ಬಂದರೆ, ಆಲ, ಅತ್ತಿ, ಗೋಣಿ ಮರಗಳು ಹಣ್ಣಾಗುವುದು ಒಂದೊಂದು ಒಂದೊಂದು ಕಾಲಕ್ಕೆ. ಹಣ್ಣಾದರೆ ಮರವೇ ತುಂಬುತ್ತದೆ. ಅಷ್ಟನ್ನು ಒಂದು ಅಳಿಲು ತಿಂದು ಮುಗಿಸಲಾರದು, ಹಕ್ಕಿ, ಕೋತಿ, ಬಾವಲಿಗಳನ್ನು ತಡೆಯಲೂ ಆಗದು. ಅಂಥ ಮರದಲ್ಲಿ ನಡೆಯುವ ಜಗಳ ಆ ಹೊತ್ತಿನ ಕೊಂಬೆಯದು, ಅದನ್ನು ಸರಹದ್ದಿನ ಲೆಕ್ಕಕ್ಕೆ ಹಿಡಿಯಬಾರದು. ಪರೀಕ್ಷಿಸುವುದು ಸುಲಭ. ಬೇರೆ ಬೇರೆ ದಿನ, ಬೇರೆ ಬೇರೆ ಅಳಿಲು ಬಂದಾಗಲೂ ಓಟ ಅದೇ ಜಾಗದಲ್ಲಿ ನಿಂತು, ಅಟ್ಟಿದ್ದು ಅಲ್ಲಿಂದಲೇ ಹಿಂದಿರುಗಿದರೆ ಅದು ಗಡಿ. ಹಣ್ಣು ಮುಗಿದೊಡನೆ ಜಗಳವೂ ಮುಗಿದರೆ ಅಲ್ಲ. ಬಾಲ ಕುಣಿಸುತ್ತಾ ‘ಚಿಪ್ ಚಿಪ್’ ಎನ್ನುವ ಕೂಗನ್ನು ನಂಬಿ ಗಡಿ ಎಳೆಯಬೇಡಿ. ಬೆಕ್ಕು, ಹಾವು ಕಂಡರೂ ಮೂರು ಪಟ್ಟೆಯ ಅಳಿಲು ಹಾಗೇ ಕೂಗುತ್ತದೆ. ಅದರ ಮುಖ ಯಾವ ಕಡೆಗಿದೆ ಎಂದು ಮೊದಲು ನೋಡಿ.

ವ್ಯಾಪ್ತಿಯನ್ನು ಅಳೆಯುವಾಗ ಮೊದಲ ತೊಡಕು ಗುರುತಿನದು. ಹರಿದ ಕಿವಿ, ತುಂಡಾದ ಬಾಲ, ಹೀಗೆ ಗುರುತು ಇರುವ ಅಳಿಲನ್ನೇ ಆರಿಸಿಕೊಳ್ಳಬೇಕು. ಇಲ್ಲವಾದರೆ ಮೂರು ಅಳಿಲಿನ ಓಡಾಟ ಒಂದರ ಲೆಕ್ಕಕ್ಕೆ ಬೀಳುತ್ತದೆ. ಕಂಡ ಜಾಗವನ್ನು ಪ್ರತಿ ಸಲ ನಕ್ಷೆಯಲ್ಲಿ ಗುರುತಿಸಿ. ಎರಡು ಗುರುತುಗಳ ನಡುವೆ ಕನಿಷ್ಠ ಒಂದು ಗಂಟೆ ಬಿಡಿ. 30 ಬಿಂದುಗಳಿಗಿಂತ ಕಡಿಮೆ ಇದ್ದರೆ ಲೆಕ್ಕ ಕಟ್ಟಬೇಡಿ. ಬೆಳಗಿನ ವಾಕಿಂಗ್ ಹೊತ್ತಿನಲ್ಲಷ್ಟೇ ನೋಡಿದರೆ ಸಿಗುವುದು ಅಳಿಲಿನ ಬೆಳಗು ಮಾತ್ರ. ಮಧ್ಯಾಹ್ನ, ಸಂಜೆ, ಬೇಸಿಗೆ, ಮಳೆಗಾಲ ಎಲ್ಲವೂ ಬೇಕು. ದಟ್ಟ ಮರಗಳ ಕೆಳಗೆ ಮೊಬೈಲಿನ ಜಿಪಿಎಸ್ ಹಲವು ಮೀಟರ್ ಆಚೀಚೆ ತೋರಿಸುವುದರಿಂದ, ಮರಗಳಿಗೆ ನಂಬರ್ ಕೊಟ್ಟು ಬರೆದುಕೊಳ್ಳುವುದೇ ವಾಸಿ.

ಹೊರಗಿನ ಬಿಂದುಗಳನ್ನು ಗೆರೆಯಿಂದ ಜೋಡಿಸಿ ಒಳಗಿನ ವಿಸ್ತೀರ್ಣ ತೆಗೆಯುವುದು ಹಳೆಯ, ಸರಳ ವಿಧಾನ. ಮಿನಿಮಮ್ ಕಾನ್ವೆಕ್ಸ್ ಪಾಲಿಗನ್ ಎನ್ನುತ್ತಾರೆ. ಇದು ಕೈಕೊಡುವುದು ಎಲ್ಲಿ ನೋಡಿ. ಅಳಿಲು 60 ಮೀಟರ್ ಉದ್ದ, 50 ಮೀಟರ್ ಅಗಲದ ತೋಟದೊಳಗೇ ಇದೆ ಅನ್ನಿ: 3,000 ಚದರ ಮೀಟರ್, ಸುಮಾರು 30 ಗುಂಟೆ. ಒಂದೇ ಒಂದು ದಿನ ಅದು ತೋಟದ 50 ಮೀಟರ್ ಅಂಚಿನಿಂದ ನೇರ 200 ಮೀಟರ್ ಆಚೆ ಕಂಡಿತು. ಆ ಒಂದು ಬಿಂದುವನ್ನು ಸೇರಿಸಿದರೆ 5,000 ಚದರ ಮೀಟರಿನ ತ್ರಿಕೋನ ಬಂದು ಅಂಟಿಕೊಳ್ಳುತ್ತದೆ, ಮೊತ್ತ 79 ಗುಂಟೆಗೆ ಏರುತ್ತದೆ. ಬರ್ಟ್ ಎಚ್ಚರಿಸಿದ್ದು ಇದನ್ನೇ. ಅದಕ್ಕಾಗಿ ತೀರ ಹೊರಗಿನ ಬಿಂದುಗಳನ್ನು ಬಿಟ್ಟು, ಶೇ 95ರಷ್ಟನ್ನು ಮಾತ್ರ ಬಳಸುವ ರೂಢಿ ಇದೆ.

ಮಳವಳ್ಳಿ ತಾಲ್ಲೂಕಿನ ಮುತ್ತತ್ತಿಯಲ್ಲಿ ಈ ವಿಧಾನ ಇನ್ನೂ ಹೆಚ್ಚು ಎಡವುತ್ತದೆ. ಅಲ್ಲಿನ ಬೂದು ಬಣ್ಣದ ದೊಡ್ಡ ಅಳಿಲು ಹೊಳೆಮತ್ತಿ, ಹುಣಸೆ ಮರಗಳು ಸಾಲುಗಟ್ಟಿದ ಕಾವೇರಿ ದಂಡೆಯನ್ನು ನೆಚ್ಚಿಕೊಂಡಿದೆ. ಅದರ ವ್ಯಾಪ್ತಿ ಹೊಳೆಯ ಜೊತೆ ಬಾಗುವ ಪಟ್ಟಿ. ತಿರುವಿನ ಎರಡು ತುದಿಗಳನ್ನು ಗೆರೆ ಎಳೆದು ಜೋಡಿಸಿದರೆ ನೀರೂ ಅಳಿಲಿನ ಖಾತೆಗೆ ಸೇರಿಬಿಡುತ್ತದೆ! ಅಲ್ಲಿ ದಂಡೆಯ ಉದ್ದ ಎಷ್ಟು, ಬಳಸಿದ ಮರ ಎಷ್ಟು ಎಂದು ಹೇಳುವುದೇ ಸರಿ. ಅಂಥ ಸಾಲಿನ ನಡುವೆ ನಾಲ್ಕು ಮರ ಹೋದರೆ ವಿಸ್ತೀರ್ಣ ಅಷ್ಟೇನೂ ಕಡಿಮೆಯಾಗದು, ಆದರೆ ದಾರಿಯೇ ಕಡಿದುಹೋಗುತ್ತದೆ. ನಾಗರಹೊಳೆಯ ಕೆಂದಳಿಲಿನ ಪಾಡೂ ಅದೇ. ಸುಮಾರು 6 ಮೀಟರ್ ಜಿಗಿಯಬಲ್ಲದು, ನೆಲಕ್ಕೆ ಇಳಿಯುವುದು ಅಪರೂಪ. ಕೊಂಬೆಗಳ ನಡುವಿನ ಸಂದು ಅದಕ್ಕಿಂತ ಅಗಲವಾದರೆ ಆಚೆಯ ಗೂಡೂ ಇಲ್ಲ, ಆಚೆಯ ಹಣ್ಣೂ ಇಲ್ಲ.

ಮನೆಯ ಹೆಂಚಿನಡಿ ಗೂಡು ಕಟ್ಟಿದ ಅಳಿಲನ್ನು ಹಿಡಿದು ಚಾಮುಂಡಿ ಬೆಟ್ಟಕ್ಕೆ ಬಿಟ್ಟು ಬರುವವರು ಗಮನಿಸಬೇಕಾದದ್ದೂ ಇದನ್ನೇ. ಯಾವ ಮರದಲ್ಲಿ ಪೊಟರೆ ಇದೆ, ಬೆಕ್ಕು ಬಂದರೆ ಯಾವ ಕೊಂಬೆ ಹಿಡಿಯಬೇಕು ಎಂಬ ತಿಳಿವಳಿಕೆ ಹಳೆಯ ವ್ಯಾಪ್ತಿಯಲ್ಲೇ ಉಳಿಯಿತು. ಹಿಡಿದದ್ದು ತಾಯಿಯಾಗಿದ್ದರೆ ಮರಿಗಳು ಹೆಂಚಿನಡಿಯಲ್ಲೇ ಸಾಯುತ್ತವೆ. ಇತ್ತ ಖಾಲಿಯಾದ ಜಾಗಕ್ಕೆ ಪಕ್ಕದ ತೆಂಗಿನ ಮರದ ಅಳಿಲು ಬರುತ್ತದೆ, ಯಾಕೆಂದರೆ ಅದರ ವ್ಯಾಪ್ತಿ ಮೊದಲೇ ನಿಮ್ಮ ಮನೆಯ ಮೇಲೆ ಹಾದಿತ್ತು. ಮರಿಗಳು ತಾವಾಗಿ ಓಡಾಡತೊಡಗುವವರೆಗೆ ಕಾದು, ಒಳಗೆ ಯಾವುದೂ ಇಲ್ಲವೆಂದು ಖಚಿತಪಡಿಸಿಕೊಂಡು, ಹಗಲಿನಲ್ಲಿ ಆ ಸಂದಿಗೆ ಗಟ್ಟಿ ತಂತಿಜಾಲರಿ ಬಡಿಯಿರಿ. ಮಾಡಿಗೆ ತಾಗುವ ಕೊಂಬೆಯ ತುದಿಯನ್ನಷ್ಟೇ ಸವರಿ.