1911ರ ಹಂದಿ ರೂಪಾಯಿ

ಹಳೆಯ ಬೆಳ್ಳಿ ನಾಣ್ಯಗಳನ್ನು ತೋರಿಸಿ ಬೆಲೆ ಕೇಳಲು ನನ್ನ ಬಳಿಗೆ ಬರುವವರಲ್ಲಿ ಹೆಚ್ಚಿನವರ ಕೈಯಲ್ಲಿ ಐದನೆಯ ಜಾರ್ಜ್ ದೊರೆಯ ರೂಪಾಯಿ ಇದ್ದೇ ಇರುತ್ತದೆ. ಅದರ ಹಿಂಬದಿಯಲ್ಲಿ 1911 ಎಂದಿದ್ದರೆ, ನಾಣ್ಯವನ್ನು ತಿರುಗಿಸಿ ದೊರೆಯ ಎದೆಯ ಮೇಲಿನ ಸರದಲ್ಲಿರುವ ಪುಟ್ಟ ಆನೆಯನ್ನು ಭೂತಗನ್ನಡಿಯಲ್ಲಿ ಹುಡುಕುತ್ತೇನೆ.

ಏಳನೆಯ ಎಡ್ವರ್ಡ್ 1910ರ ಮೇ ತಿಂಗಳಲ್ಲಿ ತೀರಿಕೊಂಡ ಬಳಿಕ, ಪಟ್ಟಕ್ಕೆ ಬಂದ ಜಾರ್ಜನ ಹೆಸರಿನಲ್ಲಿ ಭಾರತಕ್ಕೆ ಹೊಸ ನಾಣ್ಯಗಳು ಬೇಕಾದವು. ಕಿರೀಟವನ್ನೂ ನಿಲುವಂಗಿಯನ್ನೂ ತೊಟ್ಟ ದೊರೆಯ ಚಿತ್ರವನ್ನು ಆಸ್ಟ್ರೇಲಿಯಾ ಮೂಲದ ಶಿಲ್ಪಿ ಬರ್ಟ್ರಮ್ ಮೆಕೆನಲ್ ರೂಪಿಸಿದರು. ಕೊರಳಿನ ಸುತ್ತ ಬಂದದ್ದು 1878ರಲ್ಲಿ ಸ್ಥಾಪನೆಯಾದ ‘ಆರ್ಡರ್ ಆಫ್ ದಿ ಇಂಡಿಯನ್ ಎಂಪೈರ್’ ಎಂಬ ಬ್ರಿಟಿಷ್ ಗೌರವ ಪದವಿಯ ಸರ. ಆನೆ, ನವಿಲು, ತಾವರೆ, ಗುಲಾಬಿಗಳನ್ನು ಪೋಣಿಸಿದ ಆಭರಣವದು. ಸುಮಾರು 30 ಮಿಲಿಮೀಟರ್ ಅಗಲದ ಬಿಲ್ಲೆಯಲ್ಲಿ ಆನೆಯ ಪಾಲಿಗೆ ಉಳಿದದ್ದು ಎಳ್ಳುಕಾಳಿನಷ್ಟು ಜಾಗ. ಅಷ್ಟರಲ್ಲೇ ಕಡೆಯಬೇಕಾಗಿ ಬಂದು ಸೊಂಡಿಲು ಮೊಟಕಾಯಿತು, ಕಾಲುಗಳು ಗಿಡ್ಡವಾದವು. ನೋಡಿದವರ ಕಣ್ಣಿಗೆ ಅದು ಹಂದಿಯಾಗಿ ಕಂಡಿತು.

ಹಂದಿಯನ್ನು ಅಶುದ್ಧವೆಂದು ಭಾವಿಸುವ ಮುಸ್ಲಿಮರಿಗೆ ಇದರಿಂದ ತೀವ್ರ ನೋವಾಯಿತು. ಈ ಆಕ್ಷೇಪವನ್ನು ಅತಿರೇಕವೆಂದು ತಳ್ಳಿಹಾಕುವವರನ್ನು ನಾನು ಒಪ್ಪುವುದಿಲ್ಲ. ರೂಪಾಯಿಯೆಂದರೆ ದಿನವೂ ಕೈಯಿಂದ ಕೈಗೆ ಹೋಗುವ, ದಾನಕ್ಕೂ ಉಡುಗೊರೆಗೂ ಬಳಕೆಯಾಗುವ ವಸ್ತು. ಅದನ್ನು ಮುಟ್ಟಲು ಮನಸ್ಸು ಹಿಂಜರಿದರೆ ಒಂದು ತೊಲ ತೂಕದ, ಹನ್ನೆರಡರಲ್ಲಿ ಹನ್ನೊಂದು ಪಾಲು ಶುದ್ಧ ಬೆಳ್ಳಿಯಿದ್ದರೂ ಅದು ಚಲಾವಣೆಯಲ್ಲಿ ನಿಲ್ಲಲಾರದು. ಕಲ್ಕತ್ತಾ ಟಂಕಸಾಲೆ 43 ಲಕ್ಷ, ಬೊಂಬಾಯಿ ಟಂಕಸಾಲೆ 51 ಲಕ್ಷ 43 ಸಾವಿರ, ಹೀಗೆ ಒಟ್ಟು 94 ಲಕ್ಷಕ್ಕೂ ಹೆಚ್ಚು ರೂಪಾಯಿಗಳನ್ನು ಅಚ್ಚುಹಾಕಿದ್ದವು. ಹೊರಗೆ ಬಿಟ್ಟದ್ದು ಸುಮಾರು 7 ಲಕ್ಷ ಮಾತ್ರ. ಉಳಿದವು ಕರಗಿಸುವ ಕುಲುಮೆ ಸೇರಿದವು. 1912ರ ನಾಣ್ಯಗಳಿಗೆ ಅಚ್ಚನ್ನು ತಿದ್ದಿ, ಆನೆಗೆ ಉದ್ದನೆಯ ಸೊಂಡಿಲನ್ನೂ ಸ್ಪಷ್ಟವಾದ ಕಿವಿಯನ್ನೂ ಕೊಟ್ಟರು.

1911ರ ಎಂಟಾಣೆ ಮತ್ತು ನಾಲ್ಕಾಣೆಗಳಲ್ಲಿಯೂ ಇದೇ ಹಳೆಯ ಆನೆಯಿದೆ, ಆದರೆ ಕೇಳಿಕೊಂಡು ಬರುವವರು ರೂಪಾಯಿಯನ್ನೇ ಕೇಳುತ್ತಾರೆ. ಅದು ಯಾವ ಟಂಕಸಾಲೆಯದೆಂದು ತಿಳಿಯಲು ಹಿಂಬದಿಯ ಕೆಳಗಿನ ತಾವರೆಯನ್ನು ನೋಡಬೇಕು: ಅದರಡಿಯಲ್ಲಿ ಉಬ್ಬಿದ ಸಣ್ಣ ಚುಕ್ಕೆಯಿದ್ದರೆ ಬೊಂಬಾಯಿಯದು, ಇಲ್ಲದಿದ್ದರೆ ಕಲ್ಕತ್ತಾದ್ದು. ತೂಕ 11.66 ಗ್ರಾಂ ಆಸುಪಾಸಿನಲ್ಲಿರಬೇಕು. ಬಹಳ ಸವೆದದ್ದು ತುಸು ಕಡಿಮೆ ತೂಗಬಹುದು. ಅಯಸ್ಕಾಂತಕ್ಕೆ ಅಂಟಿದರೆ ಅದು ಬೆಳ್ಳಿಯೇ ಅಲ್ಲ. ಮೇಲ್ಮೈಯಲ್ಲಿ ಸೂಜಿಮೊನೆಯಂಥ ಗುಳಿಗಳು, ಅಂಚಿನ ಗೀರುಗಳಿಗೆ ಅಡ್ಡವಾಗಿ ಒಂದು ಸುತ್ತುಗೆರೆ ಕಂಡರೆ ಅದನ್ನು ಎರಕ ಹೊಯ್ದು ಮಾಡಿದ ನಕಲಿಯೆಂದು ಸಂಶಯಿಸಬೇಕು.

ನನಗೆ ಅತಿ ಹೆಚ್ಚು ಸಂಕಟವಾಗುವುದು ಅಸಲಿ ನಾಣ್ಯವೊಂದು ಥಳಥಳಿಸುತ್ತ ಮೇಜಿನ ಮೇಲೆ ಬಂದಾಗ. ದೇವರ ಪೆಟ್ಟಿಗೆಯಲ್ಲಿ ಕುಂಕುಮ ಮೆತ್ತಿಕೊಂಡು ತಲೆಮಾರುಗಳ ಕಾಲ ಉಳಿದ ರೂಪಾಯಿಯನ್ನು, ನನ್ನಲ್ಲಿಗೆ ತರುವ ಹಿಂದಿನ ದಿನ ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಿರುತ್ತಾರೆ. ಹಾಗೆ ತಿಕ್ಕಿದಾಗ ಮೊದಲು ಅಳಿಯುವುದು ಸರದ ನವುರಾದ ಕೆತ್ತನೆ, ಅದರೊಂದಿಗೆ ಆ ಆನೆ. ಸಂಗ್ರಾಹಕರು ಹುಡುಕುವುದು ಕಾಲದ ಕಪ್ಪು ಛಾಯೆಯೊಡನೆ ಗೆರೆ ಗೆರೆಯೂ ಉಳಿದ ನಾಣ್ಯವನ್ನು. ಹಾರಕ್ಕೆಂದು ಕೊಂಡಿ ಬೆಸೆದದ್ದಾದರೆ ಬೆಳ್ಳಿಯ ಬೆಲೆಗಿಂತ ಹೆಚ್ಚು ಹೇಳುವುದು ನನಗೆ ಕಷ್ಟವಾಗುತ್ತದೆ.