ಶೀರ್ಷಾಸನದಲ್ಲೇ ಸಂಸಾರ

ಜೂನ್ 1ರಿಂದ ಜುಲೈ 31ರವರೆಗೆ ಗೋವಾದಲ್ಲಿ ಯಾಂತ್ರಿಕ ದೋಣಿಗಳು ಮೀನಿಗೆ ಹೋಗುವಂತಿಲ್ಲ. ವಾಸ್ಕೋದ ಖಾರಿವಾಡೊದಲ್ಲಿ ದೋಣಿಗಳ ತಳ ನೋಡಬೇಕೆಂದರೆ ಅದೇ ಸಮಯ. ಕಳೆದ ಮಳೆಗಾಲದಲ್ಲಿ ಕುಮಟಾ ಕಡೆಯ ತಾಂಡೇಲರೊಬ್ಬರು (ದೋಣಿ ನಡೆಸುವ ಮುಖ್ಯಸ್ಥರು) ಅಲ್ಲಿ ಉಳಿ ಹಿಡಿದು ಕೆರೆಯುತ್ತ ಕೂತಿದ್ದರು. "ಇದನ್ನ ತೆಗೀಲಿಕ್ಕೆ ಹೋದ್ರೆ ಬಣ್ಣ ಬರ್ತದೆ, ಹಲಗೆ ಬೇಕಾದ್ರೂ ಬರ್ತದೆ, ಇದೊಂದು ಬರೂದಿಲ್ಲ ಮಾರಾಯ್ರೇ" ಅಂದರು.

'ಇದು' ಅಂದರೆ ಬಾರ್ನಕಲ್. ಬಿಳಿ ಮೈಮೇಲೆ ನೇರಳೆ ಗೀರು, ಬಟನ್ನಿನಷ್ಟು ಅಗಲ, ಪುಟ್ಟ ಜ್ವಾಲಾಮುಖಿಯ ಆಕಾರ. ಚಿಪ್ಪು ನೋಡಿ ಕಪ್ಪೆಚಿಪ್ಪಿನ ಬಳಗ ಅನ್ನಬೇಡಿ. ಜೀವಿಗಳನ್ನು ವರ್ಗೀಕರಿಸಿ ಹೆಸರಿಟ್ಟ ಲಿನೇಯಸ್ ಕೂಡ ಹಾಗೆಂದುಕೊಂಡೇ ಮೃದ್ವಂಗಿಗಳ ಸಾಲಿಗೆ ಸೇರಿಸಿದ್ದ. 1830ರಲ್ಲಿ ಜಾನ್ ವಾನ್ ಥಾಂಪ್ಸನ್ ಇದರ ಮರಿಗಳನ್ನು ಗಮನಿಸಿದಾಗ ಗುಟ್ಟು ರಟ್ಟಾಯಿತು: ಇದು ಸೀಗಡಿ, ಏಡಿಗಳ ನೆಂಟ.

ಆದರೆ ಸೀಗಡಿಯಂತೆ ಬದುಕುವುದಿಲ್ಲ. ಸುಣ್ಣದ ಆರು ಗೋಡೆಗಳ ಮನೆಯಲ್ಲಿ ತಲೆ ಕೆಳಗೆ ಮಾಡಿ ಅಂಟಿಕೊಂಡಿರುತ್ತದೆ. ಆಯುಷ್ಯಪೂರ್ತಿ ಶೀರ್ಷಾಸನ. ನೀರು ಏರಿದಾಗ ಮೇಲಿನ ಕದ ತೆರೆದು, ಗರಿಯಂಥ ಆರು ಜೊತೆ ಕಾಲುಗಳನ್ನು ಹೊರಚಾಚಿ, ಬಲೆ ಬೀಸಿದಂತೆ ತೇಲುವ ಸೂಕ್ಷ್ಮಜೀವಿಗಳನ್ನು ಬಾಚಿಕೊಳ್ಳುತ್ತದೆ. ನೀರು ಇಳಿದಾಗ ಒಂದಿಷ್ಟು ತೇವ ಒಳಗಿಟ್ಟುಕೊಂಡು ಕದ ಹಾಕುತ್ತದೆ. ಜುಲೈಯಲ್ಲಿ ಮಳೆನೀರು ನುಗ್ಗಿ ಜುವಾರಿ ನದಿಯ ಅಳಿವೆಯ ಉಪ್ಪು ಕಡಿಮೆಯಾದಾಗಲೂ ಅದೇ ಉಪಾಯ. ಕದವೇ ಇಲ್ಲದ ಮರಿಗಳ ಪಾಡು ಬೇರೆ. ಜೋರು ಮಳೆಯಲ್ಲಿ ಹೊಸದಾಗಿ ಅಂಟಿಕೊಳ್ಳುವವು ವಿರಳ.

ಮೊಟ್ಟೆಯಿಂದ ಹೊರಬಿದ್ದ ಮರಿ ಆರು ಹಂತ ದಾಟಿ, ಕೊನೆಗೆ ಏನೂ ಉಣ್ಣದ ಒಂದು ರೂಪಕ್ಕೆ ಬರುತ್ತದೆ. ಹೆಸರು ಸಿಪ್ರಿಡ್. ಅದಕ್ಕಿರುವುದು ಒಂದೇ ಕೆಲಸ, ಜಾಗ ಹುಡುಕುವುದು. ಕೂಡಿಟ್ಟ ಕೊಬ್ಬು ಮುಗಿಯುವುದರೊಳಗೆ ಹುಡುಕಬೇಕು. ಮೀಸೆಗಳನ್ನೇ ಕಾಲು ಮಾಡಿಕೊಂಡು ಹಲಗೆಯ ಮೇಲೆ ನಡೆದಾಡುತ್ತದೆ, ಮುಟ್ಟುತ್ತದೆ, ಒಲ್ಲೆನೆಂದು ಈಜಿ ಹೋಗುತ್ತದೆ, ಮತ್ತೆ ಬರುತ್ತದೆ. ಸ್ವಜಾತಿಯ ದೊಡ್ಡ ಬಾರ್ನಕಲ್‌ಗಳ ಮೈಯಲ್ಲಿರುವ ಒಂದು ಪ್ರೋಟೀನಿನ ಸುಳಿವು ಸಿಕ್ಕಿತೋ, ಅಲ್ಲೇ ಬಿಡಾರ. ವಾಸ್ಕೋದಲ್ಲಿ ಬಾಡಿಗೆ ಮನೆ ಹುಡುಕುವಾಗ ನಾನೂ ಮೊದಲು ಕೇಳಿದ್ದು "ನಮ್ಮ ಕಡೆಯವರು ಯಾರಾದ್ರೂ ಇದ್ದಾರಾ?" ಎಂದೇ.

ಅದರ ಕಾರಣ ಮಾತ್ರ ನನ್ನದಕ್ಕಿಂತ ಗಟ್ಟಿ. ಒಮ್ಮೆ ಅಂಟಿದ ಮೇಲೆ ಸಂಗಾತಿಯ ಮನೆಗೆ ನಡೆದುಹೋಗುವ ಮಾತೇ ಇಲ್ಲ. ಪ್ರತಿಯೊಂದೂ ಹೆಣ್ಣೂ ಹೌದು, ಗಂಡೂ ಹೌದು. ಪಕ್ಕದ ಮನೆಯವರೆಗೆ ಚಾಚುವ ಶಿಶ್ನ ಕೆಲವು ಜಾತಿಗಳಲ್ಲಿ ದೇಹಕ್ಕಿಂತ ಎಂಟು ಪಟ್ಟು ಉದ್ದ. ಅದು ಎಟುಕದಷ್ಟು ದೂರದಲ್ಲಿ ಮನೆ ಮಾಡಿದರೆ ಸಂಸಾರ ನಡೆಯುವುದು ಕಷ್ಟ.

ಇನ್ನು ಅಂಟು. ನೀರಿನೊಳಗೆ ಅಂಟಿಸುವುದು ಎಷ್ಟು ಕಷ್ಟವೆಂದು ಸೋರುವ ಪೈಪಿಗೆ ಟೇಪು ಸುತ್ತಿದವರಿಗೆ ಗೊತ್ತು. ಸಿಪ್ರಿಡ್ ಮೊದಲು ಜಿಡ್ಡು ಒಸರಿಸಿ ನೀರನ್ನು ಬದಿಗೆ ಸರಿಸುತ್ತದೆ, ಆಮೇಲೆ ಪ್ರೋಟೀನಿನ ಅಂಟು ಬಿಡುತ್ತದೆ. ಪ್ರಾಣಿ ಸತ್ತ ಮೇಲೂ ಮನೆ ಕದಲುವುದಿಲ್ಲ.

ಇಲ್ಲಿ ಸಾಮಾನ್ಯವಾಗಿ ಕಾಣುವ ಈ ಗೀರಿನ ಜಾತಿಯನ್ನು ವರ್ಣಿಸಿ ಹೆಸರಿಟ್ಟವನು ಚಾರ್ಲ್ಸ್ ಡಾರ್ವಿನ್, 1854ರಲ್ಲಿ. ವಿಕಾಸವಾದದ ಪುಸ್ತಕವನ್ನು ಪಕ್ಕಕ್ಕಿಟ್ಟು ಎಂಟು ವರ್ಷ ಬಾರ್ನಕಲ್ ಕೊಯ್ದವನು ಆತ! ಈಗಿನ ಹೆಸರು ಆಂಫಿಬಲಾನಸ್ ಆಂಫಿಟ್ರೈಟಿ. ಹಡಗಿನ ತಳ ಹಿಡಿದು ಬೆಚ್ಚಗಿನ ಕಡಲಿನ ಬಂದರುಗಳಲ್ಲೆಲ್ಲ ಇದು ಎಷ್ಟು ಹಿಂದೆಯೇ ಹರಡಿದೆಯೆಂದರೆ, ಮೂಲ ಊರು ಯಾವುದೆಂದು ಖಚಿತವಾಗಿ ಹೇಳುವುದೇ ಕಷ್ಟ. ದೋನಾ ಪಾವ್ಲಾದ ರಾಷ್ಟ್ರೀಯ ಸಾಗರವಿಜ್ಞಾನ ಸಂಸ್ಥೆಯಲ್ಲಿ ಇದರ ಮರಿಗಳನ್ನು ಸಾಕಿ ಅಧ್ಯಯನ ಮಾಡಿದ್ದಾರೆ.

ತಳ ಒರಟಾದರೆ ಡೀಸೆಲ್ ಜಾಸ್ತಿ ಸುಡುತ್ತದೆ. ಇವು ಅಂಟದಿರಲೆಂದು ಹಿಂದೆ ಟಿಬಿಟಿ ಎಂಬ ತವರದ ವಿಷ ಬೆರೆಸಿದ ಬಣ್ಣ ಬಳಿಯುತ್ತಿದ್ದರು. ಅದು ಹೆಣ್ಣು ಕಡಲ ಬಸವನಹುಳುಗಳಿಗೆ ಗಂಡಿನ ಅಂಗ ಮೂಡಿಸತೊಡಗಿದ್ದರಿಂದ 2008ರಲ್ಲಿ ಜಾಗತಿಕ ನಿಷೇಧ ಜಾರಿಗೆ ಬಂತು. ಈಗ ಹೆಚ್ಚಾಗಿ ತಾಮ್ರದ ಬಣ್ಣ.

ತಾಂಡೇಲರು ದೋಣಿಯ ಹೊಟ್ಟೆಯಡಿ ಕರೆದು ತೋರಿಸಿದರು. ಬಣ್ಣ ನಿಂತ ಕಡೆ ಅಲ್ಲೊಂದು ಇಲ್ಲೊಂದು. ನಡುವೆ ಮಾತ್ರ ಅಂಗೈ ಅಗಲದ, ಸರಿಯಾಗಿ ಚೌಕವಾದ ದಟ್ಟ ಗುಂಪು. ಹಿಂದಿನ ವರ್ಷ ದೋಣಿಗೆ ಆಸರೆ ಕೊಟ್ಟ ಮರದ ದಿಮ್ಮಿ ಇದ್ದ ಜಾಗವಂತೆ. ಬ್ರಷ್ ಅಲ್ಲಿಗೆ ತಲುಪಿರಲಿಲ್ಲ.