ಅಸಟೀಗ್‌ನ ಮರಳು ಎಲ್ಲಿ ಹೋಯಿತು?

ಉಪಗ್ರಹ ನಕ್ಷೆ ತೆರೆದು, ಅಮೆರಿಕದ ಮೇರಿಲ್ಯಾಂಡ್ ರಾಜ್ಯದ ಕರಾವಳಿಯಲ್ಲಿ ಓಷನ್ ಸಿಟಿ ಅನ್ನೋ ಊರನ್ನು ಹುಡುಕಿ. ಊರಿನ ದಕ್ಷಿಣ ತುದಿಯಲ್ಲಿ ಒಂದು ಅಳಿವೆ ಇದೆ, ಅಂದರೆ ಕಡಲು ಹಿನ್ನೀರಿಗೆ ಸೇರುವ ಬಾಯಿ. ಅದರಾಚೆ ಇರುವುದು ಅಸಟೀಗ್ ದ್ವೀಪ. ಈಗ ಓಷನ್ ಸಿಟಿಯ ದಡದ ಉದ್ದಕ್ಕೂ ಸ್ಕೇಲ್ ಇಟ್ಟು, ಹಾಗೇ ದಕ್ಷಿಣಕ್ಕೆ ಎಳೆದು ನೋಡಿ. ಗೆರೆ ಅಸಟೀಗ್‌ನ ದಡಕ್ಕೆ ಕೂಡುವುದೇ ಇಲ್ಲ, ನೀರಿನ ಮೇಲೆ ಹೋಗುತ್ತದೆ. ಅಸಟೀಗ್‌ನ ಉತ್ತರ ತುದಿ ಅರ್ಧ ಕಿಲೋಮೀಟರಿನಷ್ಟು ಪಶ್ಚಿಮಕ್ಕೆ ಸರಿದು ಕೂತಿದೆ. 1933ರವರೆಗೆ ಇವೆರಡೂ ಒಂದೇ ನೆಲ, ದಡವೂ ಒಂದೇ.

ನನ್ನದು ಕರಾವಳಿ ಎಂಜಿನಿಯರಿಂಗ್. ಕೆಲಸಕ್ಕೆ ಹೊಸದಾಗಿ ಸೇರಿದವರಿಗೆ ಮೊದಲು ತೋರಿಸುವುದು ಇದೇ ಚಿತ್ರ. "ಕಡಲ್ಕೊರೆತ ಅಲ್ವಾ ಸರ್, ಗೋಡೆ ಎಲ್ಲಿ ಕಟ್ಟಬೇಕಿತ್ತು?" ಅಂತ ಕೇಳುತ್ತಾರೆ. ಗೋಡೆಯ ಮಾತು ಆಮೇಲೆ, ಮೊದಲು ಮರಳಿನ ಲೆಕ್ಕ ನೋಡೋಣ ಅನ್ನುತ್ತೇನೆ.

ಅಸಟೀಗ್ ಒಂದು ಬ್ಯಾರಿಯರ್ ದ್ವೀಪ. ಅಂದರೆ ಮುಖ್ಯ ಭೂಮಿಗೆ ಸಮಾನಾಂತರವಾಗಿ, ನಡುವೆ ಹಿನ್ನೀರು ಬಿಟ್ಟು ನಿಂತ ಉದ್ದನೆಯ ಮರಳಪಟ್ಟಿ. ಇದರ ಉದ್ದ ಸುಮಾರು 60 ಕಿಲೋಮೀಟರ್. ಅಡಿಯಲ್ಲಿ ಬಂಡೆ ಇಲ್ಲ. ಹಿಮಯುಗದಲ್ಲಿ ಸಮುದ್ರದ ಮಟ್ಟ ಈಗಿನದಕ್ಕಿಂತ ಸುಮಾರು 120 ಮೀಟರ್ ಕೆಳಗಿತ್ತು. ಹಿಮ ಕರಗಿ ನೀರು ಏರುತ್ತ ಬಂತು. ಏರುವ ವೇಗ ತಗ್ಗಿದ ಮೇಲೆ, ಅಂದರೆ ಕಳೆದ ಕೆಲವು ಸಾವಿರ ವರ್ಷಗಳಲ್ಲಿ, ಇಂಥ ದ್ವೀಪಗಳು ಈಗಿನ ಜಾಗದ ಹತ್ತಿರ ನೆಲೆ ಕಂಡವು. ಆಮೇಲೂ ಅವು ಸುಮ್ನೆ ಕೂತಿಲ್ಲ. ದೊಡ್ಡ ಬಿರುಗಾಳಿಯಲ್ಲಿ ಅಲೆ ದಿಬ್ಬ ದಾಟಿ ನುಗ್ಗುತ್ತದೆ, ಮುಂದಿನ ದಡದ ಮರಳನ್ನು ಹೊತ್ತು ಹಿಂದಿನ ಜೌಗಿನ ಮೇಲೆ ಚೆಲ್ಲುತ್ತದೆ. ಮುಂದೆ ಕಳೆದದ್ದು ಹಿಂದೆ ಜಮೆ. ಹೀಗೆ ದ್ವೀಪ ತನ್ನ ಹಿನ್ನೀರಿನ ಮೇಲೇ ಉರುಳಿಕೊಂಡು ಹೋಗುತ್ತದೆ. ಬಿರುಗಾಳಿ ಮುಗಿದ ಮಾರನೇ ದಿನ ಕಡಲ ಕಡೆಯ ದಡದಲ್ಲಿ ಕಪ್ಪನೆಯ ಕೆಸರುಗಡ್ಡೆಗಳು, ಹುಲ್ಲಿನ ಬೇರುಗಳು ಕಾಣಿಸುವುದುಂಟು. ಒಂದು ಕಾಲದಲ್ಲಿ ದ್ವೀಪದ ಹಿಂಬದಿಯಲ್ಲಿದ್ದ ಜೌಗು ಅದು. ದ್ವೀಪ ಅದನ್ನು ದಾಟಿ ಹೋಗಿರುವುದರಿಂದ ಈಗ ಮುಂಬದಿಗೆ ಬಂದಿದೆ. ನನಗಂತೂ ಯಾವ ಸರ್ವೆ ನಕ್ಷೆಗಿಂತ ಆ ಕೆಸರೇ ನಂಬಿಕಸ್ಥ ಸಾಕ್ಷಿ.

ಇನ್ನೊಂದು ಓಡಾಟ ದಡದ ಉದ್ದಕ್ಕೂ ನಡೆಯುತ್ತದೆ. ಇಲ್ಲಿ ಅಲೆಗಳು ಓರೆಯಾಗಿ ಬಡಿದು, ಒಟ್ಟಾರೆ ಮರಳನ್ನು ಉತ್ತರದಿಂದ ದಕ್ಷಿಣಕ್ಕೆ ತಳ್ಳುತ್ತವೆ. ಉತ್ತರದವರು ಬಿಟ್ಟದ್ದು ದಕ್ಷಿಣದವರಿಗೆ.

1933ರ ಆಗಸ್ಟ್‌ನಲ್ಲಿ ಬಂದ ಚಂಡಮಾರುತ ದ್ವೀಪವನ್ನು ಓಷನ್ ಸಿಟಿಯ ಪಕ್ಕದಲ್ಲೇ ಸೀಳಿತು. ರೈಲು ಸೇತುವೆಯೂ ಹೋಯಿತು. ಹೀಗೆ ಅಳಿವೆ ತೆರೆಯುವುದು, ಮತ್ತೆ ತಾನಾಗಿ ಮುಚ್ಚಿಹೋಗುವುದು ಈ ದ್ವೀಪಗಳಿಗೆ ಹೊಸದಲ್ಲ. ಆದರೆ ಮೀನುಗಾರಿಕೆ ದೋಣಿಗಳಿಗೆ ಕಡಲಿಗೆ ಹೋಗಲು ಬಾಗಿಲು ಸಿಕ್ಕಂತಾಗಿತ್ತು, ಅದನ್ನು ಮುಚ್ಚಲು ಯಾರು ಬಿಡುತ್ತಾರೆ? ಸೇನೆಯ ಎಂಜಿನಿಯರುಗಳು ಎರಡೂ ಬದಿಗೆ ಕಲ್ಲಿನ ತಡೆಗಳನ್ನು ಕಟ್ಟಿ ಅಳಿವೆಯನ್ನು ಕಾಯಂ ಮಾಡಿದರು. ಅಲ್ಲಿಗೆ ಮರಳಿನ ದಾರಿ ತುಂಡಾಯಿತು. ಒಂದಿಷ್ಟು ಉತ್ತರದ ತಡೆಯ ಬೆನ್ನಿಗೆ ಸೇರಿ ಓಷನ್ ಸಿಟಿಯ ಬೀಚು ಅಗಲವಾಯಿತು. ಮತ್ತಷ್ಟು ಅಳಿವೆಯ ಬಾಯಲ್ಲಿ, ನೀರಿನಡಿ ದಿಬ್ಬವಾಗಿ ಕೂತಿತು. ಅಸಟೀಗ್‌ಗೆ ಬರುವ ಪಾಲು ನಿಂತುಹೋಯಿತು. ಹೇಗೂ ಹಿಂದೆ ಸರಿಯುತ್ತಿದ್ದ ದ್ವೀಪದ ಉತ್ತರ ತುದಿ ಈಗ ಓಡತೊಡಗಿತು, ತನ್ನ ಅಗಲಕ್ಕಿಂತ ಹೆಚ್ಚು ದೂರ ಸರಿಯಿತು. ನಕ್ಷೆಯಲ್ಲಿ ಕಂಡ ಆ ಅರ್ಧ ಕಿಲೋಮೀಟರ್ ಇದೇ. ಕಲ್ಲು ಹಾಕಿದವರನ್ನು ಬೈಯುವುದು ಸುಲಭ. ಆ ಕಾಲದಲ್ಲಿ ನಾನಿದ್ದಿದ್ದರೆ ನಾನೂ ಅದನ್ನೇ ಹಾಕುತ್ತಿದ್ದೆನೇನೋ.

ಇಷ್ಟೆಲ್ಲ ಆದ ಮೇಲೂ, 1950ರ ದಶಕದಲ್ಲಿ ಅಸಟೀಗ್‌ನ ಮೇಲೆ ಲೇಔಟ್ ಎದ್ದಿತು! ಸುಮಾರು 5,000 ಸೈಟು. 'ಬಾಲ್ಟಿಮೋರ್ ಬುಲೆವಾರ್ಡ್' ಅಂತ ಹೆಸರಿಟ್ಟು ಡಾಂಬರು ರಸ್ತೆಯನ್ನೂ ಹಾಕಿದರು. 1962ರ ಮಾರ್ಚ್ 6ರಿಂದ 8ರವರೆಗೆ ಒಂದು ಬಿರುಗಾಳಿ ಕದಲದೆ ನಿಂತಿತು. ಒಂದೇ ಉಬ್ಬರದಲ್ಲಿ ಮುಗಿಯುವ ಗಾಳಿಯನ್ನು ದಿಬ್ಬಗಳು ಹೇಗೋ ತಡೆದುಕೊಳ್ಳುತ್ತವೆ. ಇದು ಸಾಲಾಗಿ ಐದು ಉಬ್ಬರಗಳ ಮೇಲೆ ಸವಾರಿ ಮಾಡಿತು. ಪ್ರತಿ ಉಬ್ಬರವೂ ಹಿಂದಿನದು ಕೊರೆದ ಜಾಗದಿಂದಲೇ ಕೆಲಸ ಶುರು ಮಾಡಿತು. ರಸ್ತೆ ಚೂರಾಯಿತು, ಆಗಲೇ ಎದ್ದಿದ್ದ ಕೆಲವು ಡಜನ್ ಮನೆಗಳಲ್ಲಿ ಹೆಚ್ಚಿನವು ನೆಲಸಮವಾದವು. 1965ರಲ್ಲಿ ಸರ್ಕಾರ ಈ ಜಾಗವನ್ನು ರಾಷ್ಟ್ರೀಯ ಕಡಲತೀರವೆಂದು ಘೋಷಿಸಿತು. ಆ ಡಾಂಬರಿನ ತುಂಡುಗಳು ಇವತ್ತಿಗೂ ದಿಬ್ಬಗಳ ನಡುವೆ ಬಿದ್ದಿವೆ.

ದ್ವೀಪದ ದಕ್ಷಿಣ ಭಾಗ ವರ್ಜೀನಿಯಾ ರಾಜ್ಯಕ್ಕೆ ಸೇರಿದ್ದು. ಅಲ್ಲಿ ಅದಕ್ಕೂ ಮೊದಲು ನಿಜವಾದ ಹಳ್ಳಿಯೊಂದಿತ್ತು. ಬೆಸ್ತರ ಹಳ್ಳಿ. 1920ರ ದಶಕದಲ್ಲಿ ಸುತ್ತಲಿನ ಜಮೀನು ಕೊಂಡವರು ಮೀನು, ಚಿಪ್ಪು ಹಿಡಿಯುವ ಜಾಗಕ್ಕೆ ಹೋಗುವ ದಾರಿ ಮುಚ್ಚಿದರು. ಜನ ಮನೆಗಳನ್ನೇ ಬಾರ್ಜಿನ ಮೇಲೆ ಹೇರಿಕೊಂಡು ಕಾಲುವೆಯಾಚೆಯ ಶಿಂಕಟೀಗ್ ದ್ವೀಪಕ್ಕೆ ಹೋದರು. ಇವರನ್ನು ಎಬ್ಬಿಸಿದ್ದು ಕಡಲಲ್ಲ, ಬೇಲಿ.

ಕುದುರೆಗಳ ಕಥೆಯಲ್ಲೂ ಬೇಲಿ ಬರುತ್ತದೆ. ಅಸಟೀಗ್‌ನ ಕಾಡುಕುದುರೆಗಳು ಒಡೆದ ಸ್ಪ್ಯಾನಿಷ್ ಹಡಗಿನಿಂದ ಈಜಿ ಬಂದವು ಅಂತ ಪ್ರವಾಸಿಗರಿಗೆ ಹೇಳುತ್ತಾರೆ. ಕೇಳಲು ಚೆನ್ನಾಗಿದೆ. 17ನೇ ಶತಮಾನದಲ್ಲಿ ಸಾಕುಪ್ರಾಣಿಗಳಿಗೆ ಬೇಲಿ ಹಾಕುವ ಕಾನೂನು ಮತ್ತು ತೆರಿಗೆ ತಪ್ಪಿಸಿಕೊಳ್ಳಲು ಮಾಲೀಕರು ಕುದುರೆಗಳನ್ನು ದ್ವೀಪಕ್ಕೆ ಬಿಟ್ಟರು ಅನ್ನುವುದೇ ನನಗೆ ಹೆಚ್ಚು ನಂಬುವಂತೆ ಕಾಣುತ್ತದೆ. ಉಪ್ಪುಹುಲ್ಲು ತಿಂದು ವಿಪರೀತ ನೀರು ಕುಡಿಯುವುದರಿಂದ ಅವುಗಳ ಹೊಟ್ಟೆ ಸದಾ ಉಬ್ಬಿರುತ್ತದೆ, ಗಬ್ಬವೆಂದು ತಪ್ಪು ತಿಳಿಯಬಾರದು. ಪ್ರತಿ ಜುಲೈನಲ್ಲಿ ವರ್ಜೀನಿಯಾ ಕಡೆಯ ಹಿಂಡನ್ನು ಶಿಂಕಟೀಗ್‌ಗೆ ಈಜಿಸಿ, ಮರಿಗಳನ್ನು ಹರಾಜು ಹಾಕುತ್ತಾರೆ. 1925ರಿಂದ ಆ ಹಣ ಅಲ್ಲಿನ ಸ್ವಯಂಸೇವಕ ಅಗ್ನಿಶಾಮಕ ದಳಕ್ಕೆ.

ಗೋಡೆಯ ಪ್ರಶ್ನೆಗೆ ಬರುತ್ತೇನೆ. ಉದ್ದಕ್ಕೂ ಎತ್ತರದ ದಿಬ್ಬ ಕಟ್ಟಿದರೆ ಅಲೆ ದಾಟುವುದಿಲ್ಲ, ಹಿಂಬದಿಗೆ ಮರಳು ಸಿಗುವುದಿಲ್ಲ. ಸಮುದ್ರ ಏರುತ್ತಿರುವಾಗ ದ್ವೀಪ ನಿಂತಲ್ಲೇ ಸಣ್ಣಗಾಗುತ್ತದೆ. ಪೈಪಿಂಗ್ ಪ್ಲೋವರ್ ಅನ್ನೋ ಅಂಗೈಯಗಲದ ಹಕ್ಕಿಗೂ ಕಷ್ಟ, ಅದು ಮೊಟ್ಟೆಯಿಡುವುದು ಅಲೆ ಹರಡಿದ ಬೋಳು ಮರಳಿನ ಮೇಲೇ. ಹಾಗಾಗಿ ಇಲ್ಲಿ ಬೇರೆ ದಾರಿ ಹಿಡಿದಿದ್ದಾರೆ. 2004ರಿಂದ ವರ್ಷಕ್ಕೆ ಎರಡು ಸಲ ಡ್ರೆಜರ್ ಬಂದು ಅಳಿವೆಯ ಸುತ್ತ ಕೂತ ಮರಳನ್ನು ಎತ್ತಿ, ಅಸಟೀಗ್‌ನ ಉತ್ತರ ತುದಿಯ ಮುಂದೆ, ಆಳವಿಲ್ಲದ ನೀರಿನಲ್ಲಿ ಸುರಿದು ಹೋಗುತ್ತದೆ. ಮುಂದಿನದು ಅಲೆಗಳ ಕೆಲಸ. ಕಳೆದ ನೆಲ ಇದರಿಂದ ವಾಪಸ್ ಬರುವುದಿಲ್ಲ, ತುಂಡಾದ ಪಾಲು ಕೈಗೆ ಸಿಗುತ್ತದೆ ಅಷ್ಟೇ. ಅಳಿವೆ ಇರುವವರೆಗೂ ಈ ಖರ್ಚು ಇದ್ದದ್ದೇ.

ಪಾರ್ಕಿಂಗ್ ಜಾಗಕ್ಕೆ ಈಗ ಡಾಂಬರು ಹಾಕುವುದನ್ನು ಬಿಟ್ಟು ಚಿಪ್ಪಿನ ಪುಡಿ ಹರಡುತ್ತಾರೆ. ದೊಡ್ಡ ಗಾಳಿ ಬಂದು ಎಲ್ಲ ಮುಚ್ಚಿಹೋದರೆ, ಬುಲ್‌ಡೋಜರ್ ತಂದು ಇನ್ನಷ್ಟು ಹಿಂದೆ ಒಂದು ಜಾಗ ಸಮ ಮಾಡಿ ಮತ್ತೆ ಚಿಪ್ಪು ಹರಡಿದರಾಯಿತು.